ಫಾರ್ಮ್ ಬಾಕ್ಸ್ ಸುತ್ತ ಬೇಡದ ಗೆರೆ ಬಂದರೆ

ಎಲ್ಲರಿಗೂ ನಮಸ್ಕಾರ. ವೆಬ್ ಪುಟದ ಸಿಎಸ್‌ಎಸ್‌ನಲ್ಲಿ (ಪುಟದ ನೋಟ ಹೇಗಿರಬೇಕು ಎಂದು ಹೇಳುವ ಕೋಡ್) ಬಾರ್ಡರ್‌ಗೆ, ಅಂದರೆ ಅಂಚಿನ ಗೆರೆಗೆ, ಸೊನ್ನೆ ಕೊಟ್ಟರೂ ಟೆಕ್ಸ್ಟ್ ಬಾಕ್ಸ್ ಸುತ್ತ ಗೆರೆ ಹೋಗುತ್ತಿಲ್ಲ ಎಂದು ಮೂವರು ಕೇಳಿದ್ದೀರಿ. ಮೊದಲು ನೋಡಿ, ಗೆರೆ ಯಾವಾಗಲೂ ಇರುತ್ತದಾ, ಕ್ಲಿಕ್ ಮಾಡಿದಾಗ ಮಾತ್ರ ಬರುತ್ತದಾ?

ಕ್ಲಿಕ್ ಮಾಡಿದಾಗ ಮಾತ್ರ ಬಂದರೆ ಅದು ಹೆಚ್ಚಾಗಿ ಬಾರ್ಡರ್ ಅಲ್ಲ, ಬ್ರೌಸರ್ ಹಾಕುವ ಔಟ್‌ಲೈನ್. ಅದನ್ನು ಸುಮ್ನೆ ಕಿತ್ತುಹಾಕಬೇಡಿ. ಮೌಸ್ ಬಿಟ್ಟು ಟ್ಯಾಬ್ ಒತ್ತುತ್ತಾ ಹೋಗುವವರಿಗೆ ತಾವು ಯಾವ ಬಾಕ್ಸ್‌ನಲ್ಲಿದ್ದೇವೆ ಅಂತ ಗೊತ್ತಾಗುವುದೇ ಆ ಗೆರೆಯಿಂದ. ಬಣ್ಣ ಹಿಡಿಸಲಿಲ್ಲವೇ? ಫೋಕಸ್ ಸ್ಟೈಲ್‌ನಲ್ಲಿ (ಬಾಕ್ಸ್ ಆಯ್ಕೆಯಾದಾಗಿನ ನೋಟ) ನಿಮ್ಮದೇ 2 ಪಿಕ್ಸೆಲ್ ಗೆರೆ ಕೊಡಿ.

ಯಾವಾಗಲೂ ಇದ್ದರೆ ಬಾಕ್ಸ್ ಮೇಲೆ ರೈಟ್ ಕ್ಲಿಕ್ ಮಾಡಿ ಇನ್‌ಸ್ಪೆಕ್ಟ್ (ಪುಟದ ಕೋಡ್ ತೋರಿಸುವ ಬ್ರೌಸರ್ ಕಿಟಕಿ) ತೆರೆಯಿರಿ. ನೀವು ಬರೆದ ಬಾರ್ಡರ್ ಸಾಲನ್ನು ಅಲ್ಲಿ ಅಡ್ಡಗೆರೆ ಎಳೆದು ಹೊಡೆದುಹಾಕಿದ್ದರೆ ಬೇರೆ ಯಾವುದೋ ಸಿಎಸ್‌ಎಸ್ ನಿಯಮ ಅದನ್ನು ಮೀರಿದೆ ಎಂದರ್ಥ. ಯಾವ ಫೈಲ್, ಎಷ್ಟನೇ ಸಾಲು ಅನ್ನುವುದೂ ಪಕ್ಕದಲ್ಲೇ ಇರುತ್ತದೆ. ಬಾಕ್ಸ್ ಶ್ಯಾಡೋ (ಬಾಕ್ಸ್‌ಗೆ ಕೊಡುವ ನೆರಳು) ಇದೆಯಾ ಅಂತಲೂ ನೋಡಿ, ಅದೂ ಗೆರೆಯ ಹಾಗೇ ಕಾಣುತ್ತದೆ. ಫೈರ್‌ಫಾಕ್ಸ್‌ನಲ್ಲಿ ಇಮೇಲ್ ತಪ್ಪಾಗಿ ತುಂಬಿದಾಗ ಬರುವ ಕೆಂಪು ಅಂಚು ಇದೇ.

ಹೋದ ತಿಂಗಳು ನಾನು ಅರ್ಧ ದಿನ ತಲೆ ಕೆರೆದುಕೊಂಡೆ. ಕೊನೆಗೆ ನೋಡಿದರೆ ಗೆರೆ ಇನ್‌ಪುಟ್‌ದಲ್ಲ (ಅಂದರೆ ಟೆಕ್ಸ್ಟ್ ಬಾಕ್ಸ್‌ದಲ್ಲ), ಅದನ್ನು ಸುತ್ತುವರಿದ ಹೊರಗಿನ ಡಿವ್ ಎಂಬ ಚೌಕಟ್ಟಿನದು!

ಇನ್ನೂ ಹೋಗದಿದ್ದರೆ ಇನ್‌ಸ್ಪೆಕ್ಟ್ ತೆರೆದಿರುವ ಸ್ಕ್ರೀನ್‌ಶಾಟ್ ಇಲ್ಲಿ ಹಾಕಿ. ಬರೀ ಬಾಕ್ಸ್ ಫೋಟೊ ಬೇಡ.