ಸರ್ಕಾರವನ್ನು ಪ್ರತಿವಾದಿ ಮಾಡಿಲ್ಲವೆಂದು ಕೊನೆಯ ದಿನ ಹೇಳಬೇಡಿ: ಕಾನೂನು ಸಚಿವರಿಗೆ ಬಹಿರಂಗ ಪತ್ರ

ಗೆ,
ಮಾನ್ಯ ಕಾನೂನು ಸಚಿವರು,
ಕರ್ನಾಟಕ ಸರ್ಕಾರ, ವಿಧಾನಸೌಧ, ಬೆಂಗಳೂರು

ಮಾನ್ಯರೇ,

ಅಧಿಕಾರಿಗಳ ಮೇಲೆ ಹೂಡಿದ ಸಿವಿಲ್ ದಾವೆ ವರ್ಷಗಟ್ಟಲೆ ನಡೆದು, ಸಾಕ್ಷ್ಯ ಮುಗಿದು, ವಾದಕ್ಕೆ ನಿಂತ ದಿನ ಸರ್ಕಾರಿ ವಕೀಲರು ಎದ್ದು ‘ರಾಜ್ಯವನ್ನು ಪಕ್ಷಕಾರ ಮಾಡಿಲ್ಲ, ದಾವೆ ವಜಾ ಮಾಡಿ’ ಎನ್ನುತ್ತಾರೆ. ಕೆಳ ನ್ಯಾಯಾಲಯಗಳಲ್ಲಿ ಇದು ಮಾಮೂಲಾಗಿಬಿಟ್ಟಿದೆ. ಇದನ್ನು ನಿಲ್ಲಿಸಲು ತಮ್ಮ ಇಲಾಖೆಯ ಒಂದು ಸುತ್ತೋಲೆ ಸಾಕು. ಅದನ್ನು ಹೊರಡಿಸಿ.

ನಿಯಮ ತಮಗೆ ತಿಳಿಯದ್ದಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 27ನೇ ಆದೇಶದ (ಸಂಹಿತೆಯಲ್ಲಿ ನಿಯಮಗಳ ಅಧ್ಯಾಯಕ್ಕೆ ‘ಆದೇಶ’ವೆಂದೇ ಹೆಸರು) 5ಎ ನಿಯಮ 1976ರ ತಿದ್ದುಪಡಿಯಲ್ಲಿ ಬಂತು. ಅಧಿಕಾರಿ ತನ್ನ ಹುದ್ದೆಯ ಕೆಲಸವೆಂದು ಮಾಡಿದ್ದರ ಬಗ್ಗೆ ಪರಿಹಾರವನ್ನೋ ಬೇರೆ ಆದೇಶವನ್ನೋ ಕೇಳಿದರೆ ಸರ್ಕಾರವನ್ನೂ ಸೇರಿಸಲೇಬೇಕು. ಯಾವ ಹೆಸರಿನಲ್ಲಿ ಎಂಬುದನ್ನು ಅದೇ ಸಂಹಿತೆಯ 79ನೇ ಕಲಮು ಮತ್ತು ಸಂವಿಧಾನದ 300ನೇ ವಿಧಿ ಹೇಳುತ್ತವೆ: ರಾಜ್ಯದ ವಿಷಯವಾದರೆ ‘ಕರ್ನಾಟಕ ರಾಜ್ಯ’, ಕೇಂದ್ರದ್ದಾದರೆ ‘ಭಾರತ ಒಕ್ಕೂಟ’. ‘ತಹಶೀಲ್ದಾರರು’ ಎಂಬುದು ಹುದ್ದೆ. ಅದಕ್ಕೆ ಸ್ವಂತ ಆಸ್ತಿಯಿಲ್ಲ, ಖಜಾನೆಯಿಲ್ಲ. ಡಿಕ್ರಿಯಾದರೆ ಹಣ ಕೊಡಬೇಕಾದದ್ದು ರಾಜ್ಯವೇ. ನಿಯಮ ಸರಿಯಾಗಿಯೇ ಇದೆ, ಅದರ ಮೇಲೆ ನನ್ನ ತಕರಾರಿಲ್ಲ. ತಕರಾರಿರುವುದು ತಮ್ಮ ಕಡೆಯವರು ಅದನ್ನು ಬಳಸುವ ರೀತಿಯ ಮೇಲೆ.

ದಾವೆ ಕೆಡುವುದು ಹೀಗೆ. ಗೋಮಾಳ ಒತ್ತುವರಿಯೆಂದು ತಹಶೀಲ್ದಾರರು ರೈತನೊಬ್ಬನ ಬೇಲಿ ಕೀಳಿಸುತ್ತಾರೆ, ಬೆಳೆ ಹಾಳಾಗುತ್ತದೆ. ದಾವೆಗೆ 2 ತಿಂಗಳು ಮೊದಲು ಕೊಡಬೇಕಾದ, ಸಂಹಿತೆಯ 80ನೇ ಕಲಮಿನ ನೋಟಿಸನ್ನು ರೈತ ತಹಶೀಲ್ದಾರರಿಗೆ ಮಾತ್ರ ಕೊಡುತ್ತಾನೆ. ರಾಜ್ಯಕ್ಕೆ ಕೊಡುವ ನೋಟಿಸು ಸರ್ಕಾರದ ಕಾರ್ಯದರ್ಶಿಗೆ ಅಥವಾ ಜಿಲ್ಲಾಧಿಕಾರಿಗೆ ಮುಟ್ಟಬೇಕು ಎಂಬುದನ್ನು ಅವನಿಗೆ ಯಾರೂ ಹೇಳಿರುವುದಿಲ್ಲ. ತಹಶೀಲ್ದಾರರ ಕಚೇರಿ ನೋಟಿಸಿಗೆ ಉತ್ತರ ಕೊಡುವುದಿಲ್ಲ. 2 ತಿಂಗಳು ಕಾದು ದಾವೆ ಹೂಡುತ್ತಾನೆ. ಪ್ರತಿವಾದಪತ್ರದಲ್ಲಿ ಸರ್ಕಾರಿ ವಕೀಲರು ಹಳೇ ನಮೂನೆಯ ಒಂದು ಸಾಲು ಹಾಕುತ್ತಾರೆ: ‘ಅಗತ್ಯ ಪಕ್ಷಕಾರರನ್ನು ಸೇರಿಸದ ಕಾರಣ ದಾವೆ ಊರ್ಜಿತವಲ್ಲ.’ ಯಾರನ್ನು ಸೇರಿಸಿಲ್ಲ? ಅದನ್ನು ಮಾತ್ರ ಬರೆಯುವುದಿಲ್ಲ.

ಆ ಒಂದು ಸಾಲಿನಲ್ಲೇ ಅನ್ಯಾಯವಿರುವುದು. 1ನೇ ಆದೇಶದ 13ನೇ ನಿಯಮದ ಪ್ರಕಾರ ಇಂಥ ಆಕ್ಷೇಪವನ್ನು ಆದಷ್ಟು ಬೇಗ, ವಿವಾದಾಂಶ (ನ್ಯಾಯಾಲಯ ತೀರ್ಮಾನಿಸಬೇಕಾದ ಪ್ರಶ್ನೆಗಳು) ರೂಪಿಸುವ ಹಂತ ದಾಟುವ ಮೊದಲೇ ಎತ್ತಬೇಕು, ಇಲ್ಲವಾದರೆ ಬಿಟ್ಟುಕೊಟ್ಟಂತೆ. ಹೆಸರಿಲ್ಲದ ಆ ಸಾಲು ಆಕ್ಷೇಪವನ್ನು ಜೀವಂತ ಇಡುತ್ತದೆ, ಎದುರಿನವನಿಗೆ ತಿದ್ದಿಕೊಳ್ಳುವ ದಾರಿಯನ್ನು ಮಾತ್ರ ತೋರಿಸುವುದಿಲ್ಲ. ಮೊದಲ ತಿಂಗಳಲ್ಲೇ ‘ಕರ್ನಾಟಕ ರಾಜ್ಯವನ್ನು ಸೇರಿಸಿ’ ಎಂದು ಬರೆದಿದ್ದರೆ 1ನೇ ಆದೇಶದ 10(2)ನೇ ನಿಯಮದಡಿ ಒಂದು ಮಧ್ಯಂತರ ಅರ್ಜಿಯಲ್ಲಿ ಕೆಲಸ ಮುಗಿಯುತ್ತಿತ್ತು.

ಕೊನೆಯಲ್ಲಿ ಸೇರಿಸಿಕೊಳ್ಳಲಿ ಬಿಡಿ ಎನ್ನುವವರು ಕಾಲಮಿತಿ ಕಾಯ್ದೆ ತೆಗೆದು ನೋಡಲಿ. 21ನೇ ಕಲಮಿನಂತೆ, ಹೊಸ ಪ್ರತಿವಾದಿಯ ಮಟ್ಟಿಗೆ ದಾವೆ ಹುಟ್ಟುವುದು ಅವನನ್ನು ಸೇರಿಸಿದ ದಿನ. ಕಾಯ್ದೆಯ ಅಧಿಕಾರದಲ್ಲಿ ಮಾಡಿದೆವೆನ್ನುವ ಕೆಲಸದಿಂದಾದ ನಷ್ಟಕ್ಕೆ ಪರಿಹಾರ ಕೇಳಲು ಅದೇ ಕಾಲಮಿತಿ ಕಾಯ್ದೆಯ 72ನೇ ಅನುಚ್ಛೇದ ಕೊಟ್ಟಿರುವುದು 1 ವರ್ಷ. ನೋಟಿಸಿನ 2 ತಿಂಗಳನ್ನು 15(2)ನೇ ಕಲಮು ಕಳೆದುಕೊಟ್ಟರೂ ಐದನೇ ವರ್ಷದಲ್ಲಿ ಸೇರಿದ ರಾಜ್ಯದ ಮೇಲೆ ಪರಿಹಾರದ ಹಕ್ಕು ಉಳಿಯುವುದು ಕಷ್ಟ. ಸದ್ಭಾವನೆಯ ತಪ್ಪೆಂದು ನ್ಯಾಯಾಧೀಶರಿಗೆ ಮನವರಿಕೆಯಾದರೆ ರಾಜ್ಯದ ಮೇಲಿನ ದಾವೆಗೂ ಹಿಂದಿನ ದಿನಾಂಕ ಸಿಗಬಹುದು. ಅದಕ್ಕೆ ಸರ್ಕಾರಿ ವಕೀಲರದ್ದೇ ವಿರೋಧ! ಮೇಲಿಂದ, ರಾಜ್ಯಕ್ಕೆ ನೋಟಿಸೇ ಕೊಟ್ಟಿಲ್ಲವೆಂಬ ಇನ್ನೊಂದು ಆಕ್ಷೇಪ. ಬೆಳೆ ಹೋದವನಿಗೆ ಸರ್ಕಾರ ಕೊಡುವ ಉತ್ತರ ಇದೇನಾ ಸ್ವಾಮಿ? ಬೇಲಿ ಕಿತ್ತದ್ದು ಸರಿಯೋ ತಪ್ಪೋ ಎಂಬ ಪ್ರಶ್ನೆ ವಿಚಾರಣೆಗೇ ಬರುವುದಿಲ್ಲ.

ನ್ಯಾಯಾಲಯ ಕೈಹಿಡಿಯುತ್ತದೆ ಎನ್ನುವಂತೆಯೂ ಇಲ್ಲ. ಪಕ್ಷಕಾರರ ಕೊರತೆಯಿಂದ ದಾವೆ ಸೋಲಬಾರದು ಎನ್ನುವ 1ನೇ ಆದೇಶದ 9ನೇ ನಿಯಮಕ್ಕೂ, ಮೇಲ್ಮನವಿಯಲ್ಲಿ ಅದೇ ಮಾತು ಹೇಳುವ ಸಂಹಿತೆಯ 99ನೇ ಕಲಮಿಗೂ 1976ರಲ್ಲೇ ಪರಂತುಕ (ನಿಯಮಕ್ಕೆ ಹಾಕುವ ಅಪವಾದ) ಸೇರಿತು: ಅಗತ್ಯ ಪಕ್ಷಕಾರ ಬಿಟ್ಟುಹೋಗಿದ್ದರೆ ಈ ರಕ್ಷಣೆ ಇಲ್ಲ.

ಸರ್ಕಾರದವರೇ ಈ ತಪ್ಪು ಮಾಡಿದ್ದಾರೆ. ಆಂಧ್ರದ ಅರಣ್ಯ ಇಲಾಖೆ ರಾಜ್ಯದ ಹೆಸರು ಬಿಟ್ಟು ಮುಖ್ಯ ಅರಣ್ಯ ಸಂರಕ್ಷಣಾಧಿಕಾರಿಯ ಹೆಸರಿನಲ್ಲಿ ನ್ಯಾಯಾಲಯಕ್ಕೆ ಹೋದಾಗ ಅದು ಸಲ್ಲದೆಂದು ಸುಪ್ರೀಂ ಕೋರ್ಟು 2003ರಲ್ಲಿ ಹೇಳಿತು. ಕಾನೂನು ಕೋಶಗಳಿರುವ ಇಲಾಖೆಯೇ ಎಡವಿದ ಕಡೆ ರೈತ ಎಡವುವುದರಲ್ಲಿ ಏನು ಆಶ್ಚರ್ಯ?

ಆದ್ದರಿಂದ ಸುತ್ತೋಲೆ ಹೊರಡಿಸಿ. ನೋಟಿಸು ತಹಶೀಲ್ದಾರರಿಗೆ ಬರಲಿ, ಉಪವಿಭಾಗಾಧಿಕಾರಿಗೆ ಬರಲಿ, ರಾಜ್ಯಕ್ಕೂ ನೋಟಿಸು ಕೊಟ್ಟು ಅದನ್ನು ಪ್ರತಿವಾದಿ ಮಾಡಬೇಕೆಂದು 2 ತಿಂಗಳೊಳಗೆ ಲಿಖಿತ ಉತ್ತರ ಹೋಗಲಿ. ಇಂಥ ಉತ್ತರಗಳಿಗೆ ಹೊಣೆಗಾರ ಅಧಿಕಾರಿಯನ್ನು ನೇಮಿಸಬೇಕೆಂದು, ಉತ್ತರಿಸದಿದ್ದರೆ ಸರ್ಕಾರದ ಮೇಲೆ ಭಾರೀ ದಾವೆ ಖರ್ಚು ಹಾಕಬೇಕೆಂದು ಸುಪ್ರೀಂ ಕೋರ್ಟು 2005ರಲ್ಲೇ ಹೇಳಿದೆ. ಪ್ರತಿವಾದಪತ್ರದಲ್ಲಿ ಬಿಟ್ಟುಹೋದ ಪಕ್ಷಕಾರನ ಪೂರ್ಣ ಹೆಸರು, ನೋಟಿಸು ಮುಟ್ಟಿಸಬೇಕಾದ ವಿಳಾಸ ಇರಲಿ. ರಾಜ್ಯವನ್ನು ಸೇರಿಸುವ ಅರ್ಜಿ ಬಂದರೆ ವಿರೋಧಿಸಬಾರದೆಂದು ಸರ್ಕಾರಿ ವಕೀಲರಿಗೆ ಸೂಚನೆ ಹೋಗಲಿ.

ಗ್ರಾಮ ಪಂಚಾಯಿತಿ, ನಗರಪಾಲಿಕೆಗಳ ಮಾತು ಬೇರೆ. ಅವು ಸ್ವತಂತ್ರ ನಿಗಮಿತ ಸಂಸ್ಥೆಗಳು, ತಮ್ಮ ಹೆಸರಿನಲ್ಲೇ ದಾವೆಗೆ ಗುರಿಯಾಗುತ್ತವೆ. ಅಧಿಕಾರಿ ಸ್ವಂತ ದ್ವೇಷಕ್ಕೆ, ಹುದ್ದೆಗೆ ಸಂಬಂಧವಿಲ್ಲದೆ ಮಾಡಿದ ಕೃತ್ಯವೂ 5ಎ ನಿಯಮಕ್ಕೆ ಬರುವುದಿಲ್ಲ. ಈ ವ್ಯತ್ಯಾಸವನ್ನೂ ಸುತ್ತೋಲೆಯಲ್ಲಿ ಬಿಡಿಸಿ ಬರೆಯಿರಿ, ಕನ್ನಡದಲ್ಲಿ ಬರೆಯಿರಿ, ಪ್ರತಿ ತಾಲ್ಲೂಕು ಕಚೇರಿಯ ಫಲಕಕ್ಕೆ ಅಂಟಿಸಿ.

ಹೊಸ ಕಾಯ್ದೆ ಬೇಡ, ಅನುದಾನ ಬೇಡ. ಮುಂದಿನ ಅಧಿವೇಶನಕ್ಕೆ ಮೊದಲು ಈ ಸುತ್ತೋಲೆ ಜಿಲ್ಲಾ ಸರ್ಕಾರಿ ವಕೀಲರ ಮೇಜಿಗೆ ತಲುಪಲಿ.

ಇಂತಿ,
ಸಿವಿಲ್ ದಾವೆಗಳನ್ನು ನಡೆಸುವ ಒಬ್ಬ ವಕೀಲ