ಚಂದ್ರಾಕ್ಷರವೂ ಒಂದು ಕಡತವೇ

ಮಾನ್ಯ ಸಂಪಾದಕರೇ,

ಕಲ್ಪಿತ ಲೋಕಗಳ ಸಾಹಿತ್ಯವನ್ನು ಕುರಿತು ತಮ್ಮ ಭಾನುವಾರದ ಪುರವಣಿಯಲ್ಲಿ ಬಂದ ಲೇಖನವನ್ನು ಆಸಕ್ತಿಯಿಂದ ಓದಿದೆ. ಆದರೆ ಅಂಥ ಲೋಕಗಳಲ್ಲಿ ಬರುವ ಮಾಂತ್ರಿಕ ಲಿಪಿಗಳೆಲ್ಲ ಓದುಗರನ್ನು ಬೆರಗುಗೊಳಿಸುವ ಚಿತ್ತಾರಗಳಷ್ಟೇ ಎಂಬ ಲೇಖಕರ ಮಾತನ್ನು ಒಪ್ಪಲಾಗುತ್ತಿಲ್ಲ. ಇಂಗ್ಲಿಷ್ ಕಾದಂಬರಿಕಾರ ಜೆ. ಆರ್. ಆರ್. ಟೋಲ್ಕಿನ್ ಕಟ್ಟಿದ ಮಿಡ್ಲ್ ಅರ್ಥ್ ಲೋಕವನ್ನೇ ನೋಡಿದರೆ, ಅಲ್ಲಿ ಲಿಪಿಯ ಮೊದಲ ಕೆಲಸ ಮಾಹಿತಿಯನ್ನು ಕಾಪಿಡುವುದು. ಮಂತ್ರವೇನಿದ್ದರೂ ಆ ಮಾಹಿತಿಯನ್ನು ಯಾವಾಗ, ಯಾವ ಬೆಳಕಿನಲ್ಲಿ ಓದಬಹುದು ಎಂಬ ಕಟ್ಟುಪಾಡಿನಲ್ಲಿದೆ.

1937ರಲ್ಲಿ ಪ್ರಕಟವಾದ ‘ದಿ ಹಾಬಿಟ್’ ಕಾದಂಬರಿಯ ಭೂಪಟ ಇದಕ್ಕೆ ಒಳ್ಳೆಯ ನಿದರ್ಶನ. ಅದರ ಮೇಲೆ ಕುಬ್ಜರು ಬೆಳ್ಳಿಯ ಲೇಖನಿಯಿಂದ ಬರೆದ ಚಂದ್ರಾಕ್ಷರಗಳಿವೆ. ಹಿಂದಿನಿಂದ ಬೆಳದಿಂಗಳು ಬಿದ್ದರಷ್ಟೇ ಅವು ಕಾಣುತ್ತವೆ. ಅದರಲ್ಲೂ ಬರೆದ ದಿನದ ಋತು ಮತ್ತು ಚಂದ್ರಕಲೆ ಮರಳಿ ಕೂಡಿಬಂದಿರಬೇಕು. ನಡುಬೇಸಿಗೆಯ ಮುನ್ನಾ ರಾತ್ರಿ ಬಾಲಚಂದ್ರನ ಬೆಳಕಿಗೆ ಹಳೆಯ ಲಿಪಿಗಳನ್ನು ಬಲ್ಲ ಎಲ್ರಾಂಡ್ ಆ ಭೂಪಟವನ್ನು ಎತ್ತಿ ಹಿಡಿದಾಗ ಕುಬ್ಜರ ಬೆಟ್ಟದೊಳಗೆ ಹೋಗುವ ಗುಪ್ತದ್ವಾರದ ಬೀಗದ ಕಿಂಡಿಯನ್ನು ಕಂಡುಕೊಳ್ಳುವ ದಾರಿಯೇನೋ ಓದಲು ಸಿಗುತ್ತದೆ, ಆದರೆ ಅಲ್ಲಿ ಹೇಳಿರುವ ‘ಡ್ಯೂರಿನ್ ದಿನ’ ಎಂಬ ಕುಬ್ಜರ ಹೊಸವರ್ಷದ ದಿನ ಯಾವಾಗ ಬರುತ್ತದೆಂದು ಲೆಕ್ಕಹಾಕುವ ವಿದ್ಯೆ ಕುಬ್ಜರ ಅರಸನ ವಂಶಸ್ಥನಾದ ಥೋರಿನ್‌ಗೇ ತಿಳಿದಿಲ್ಲ. ಬರಹ ಉಳಿದಿದೆ, ಅದನ್ನು ಬಳಸಲು ಬೇಕಾದ ಪಂಚಾಂಗ ಕಳೆದುಹೋಗಿದೆ. ಹಳೆಯ ಶಾಸನಗಳನ್ನು ಓದುವವರಿಗೆ ಈ ತೊಡಕು ಹೊಸದೇನಲ್ಲ. ಅಂದಹಾಗೆ, ಈ ಅಕ್ಷರಗಳನ್ನು ಭೂಪಟದ ಹಿಂಬದಿಯಲ್ಲಿ ತಿರುಗುಮುರುಗಾಗಿ ಅಚ್ಚುಮಾಡಿ, ಓದುಗರು ಹಾಳೆಯನ್ನು ಬೆಳಕಿಗೆ ಹಿಡಿದಾಗ ಮಾತ್ರ ಕಾಣುವಂತೆ ಮಾಡಬೇಕೆಂದು ಟೋಲ್ಕಿನ್ ಬಯಸಿದ್ದರು. ಪ್ರಕಾಶಕರು ಅದನ್ನು ನಡೆಸಿಕೊಡಲಿಲ್ಲ.

ಟೋಲ್ಕಿನ್ನರ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಕಾದಂಬರಿಯಲ್ಲಿ ಬರುವ ಮಾಂತ್ರಿಕ ಉಂಗುರದ ಮೇಲೆ, ಕಾದಾಗ ಮಾತ್ರ ಕಾಣುವ ಬರಹದ ಕಥೆ ಇನ್ನೂ ಸ್ವಾರಸ್ಯಕರವಾಗಿದೆ. ಕಾದ ಉಂಗುರ ತಣಿಯುತ್ತಿದ್ದಂತೆ ಅಕ್ಷರಗಳು ಮಾಸುತ್ತಿರುವುದನ್ನು ಕಂಡ ಇಸಿಲ್ದೂರ್ ಎಂಬ ಅರಸ, ಲಿಪಿ ಅಮರ ಕುಲದವರಾದ ಎಲ್ಫ್‌ಗಳದೆಂದು ಗುರುತಿಸಿದರೂ ಭಾಷೆ ತಿಳಿಯದೆ, ಕಂಡದ್ದನ್ನು ಕಂಡಂತೆ ನಕಲು ಮಾಡಿ ಇಡುತ್ತಾನೆ. ಎಷ್ಟೋ ಶತಮಾನಗಳ ಬಳಿಕ ಮಾಂತ್ರಿಕ ಗ್ಯಾಂಡಾಲ್ಫ್ ಮಿನಾಸ್ ತಿರಿತ್ ನಗರದ ಗ್ರಂಥಭಂಡಾರದಲ್ಲಿ ಹುಡುಕಿ ತೆಗೆಯುವುದು ಆ ನಕಲನ್ನೇ. ಉಂಗುರ ಕೈಸೇರಿದ್ದ ಫ್ರೋಡೋನ ಮನೆಯ ಒಲೆಗೆ ಉಂಗುರವನ್ನು ಹಾಕಿ ಪರೀಕ್ಷಿಸುವ ಬುದ್ಧಿ ಅವನಿಗೆ ಬಂದದ್ದು ಯಾವ ದಿವ್ಯದೃಷ್ಟಿಯಿಂದಲೂ ಅಲ್ಲ, ತನಗೆ ಅರ್ಥವಾಗದ್ದನ್ನೂ ತಪ್ಪಿಲ್ಲದೆ ಬರೆದಿಟ್ಟ ಒಬ್ಬ ಲಿಪಿಕಾರನ ಶ್ರದ್ಧೆಯಿಂದ.

ಅದೇ ಕಾದಂಬರಿಯಲ್ಲಿ, ಕುಬ್ಜರ ಹಾಳುಬಿದ್ದ ನೆಲದಡಿಯ ನಗರ ಮೋರಿಯಾದ ಮಜಾರ್ಬುಲ್ ಕೋಣೆಯಲ್ಲಿ ಸಿಗುವ ದಿನಚರಿಯಲ್ಲಂತೂ ಮಂತ್ರದ ಸೋಂಕೇ ಇಲ್ಲ. ಹಲವು ಕೈಗಳು ಹಲವು ಬಗೆಯ ಅಕ್ಷರಗಳಲ್ಲಿ ಬರೆದ ಆ ಹೊತ್ತಗೆ ಇರಿತಕ್ಕೆ ಸಿಕ್ಕಿ ಹರಿದಿದೆ, ಅರೆಬರೆ ಸುಟ್ಟಿದೆ, ನೆತ್ತರಿನಂಥ ಕಲೆಗಳಿಂದ ಕಪ್ಪಾಗಿದೆ. ಗ್ಯಾಂಡಾಲ್ಫ್ ಅದನ್ನು ಬಿಟ್ಟು ಬಿಟ್ಟು ಓದಬೇಕಾಗುತ್ತದೆ. ಟೋಲ್ಕಿನ್ ಅದರ ಮೂರು ಪುಟಗಳನ್ನು ಸ್ವತಃ ತಯಾರಿಸಿ, ಅಂಚು ಸುಟ್ಟು, ಹೊಲಿಗೆಯ ತೂತುಗಳನ್ನೂ ಕೊರೆದಿದ್ದರು. ಮುದ್ರಣ ದುಬಾರಿಯೆಂಬ ಕಾರಣಕ್ಕೆ 1954ರ ಮೊದಲ ಆವೃತ್ತಿಯಲ್ಲಿ ಅವು ಸೇರಲಿಲ್ಲ. ಬರಿಯ ಚಿತ್ತಾರಕ್ಕಾಗಿ ಯಾರೂ ಇಷ್ಟು ಪಾಡು ಪಡುವುದಿಲ್ಲ.

ಟೆಂಗ್ವಾರ್ ಎಂಬ ಎಲ್ಫ್ ಲಿಪಿಯನ್ನು ಕನ್ನಡಿಗರು ವಿಶೇಷವಾಗಿ ಗಮನಿಸಬೇಕು. ಅದರ 24 ಮುಖ್ಯ ಅಕ್ಷರಗಳು ನಾಲ್ಕು ಸಾಲು, ಆರು ದರ್ಜೆಗಳಲ್ಲಿ ಉಚ್ಚಾರಣೆಗೆ ತಕ್ಕಂತೆ ಜೋಡಣೆಗೊಂಡಿವೆ. ನಮ್ಮ ವರ್ಗೀಯ ವ್ಯಂಜನಗಳ ಪಟ್ಟಿಯನ್ನು ಬಲ್ಲವರಿಗೆ ಈ ಕ್ರಮ ತಟ್ಟನೆ ಹಿಡಿಸುತ್ತದೆ. ಸ್ವರಗಳೂ ಸಾಮಾನ್ಯವಾಗಿ ಕಾಗುಣಿತದಲ್ಲಿರುವಂತೆ ವ್ಯಂಜನಕ್ಕೆ ಅಂಟಿಕೊಂಡು ಬರುತ್ತವೆ. ಆದರೆ ನಮ್ಮಲ್ಲಿ ‘ತ’ದ ರೂಪದಿಂದ ‘ದ’ದ ರೂಪವನ್ನು ಊಹಿಸಲಾಗದು. ಟೆಂಗ್ವಾರ್‌ನಲ್ಲಿ ಅಕ್ಷರದ ನೆಟ್ಟಗಿನ ಗೆರೆಯಾದ ಕಂಬಕ್ಕೆ ಅಂಟಿದ, ಬಿಲ್ಲಿನಂತೆ ಬಾಗಿದ ಗೆರೆ ಎರಡಾದರೆ ‘ತ’ದಂಥ ಅಘೋಷ ಧ್ವನಿ ‘ದ’ದಂಥ ಘೋಷವಾಗುತ್ತದೆ, ಕಂಬ ಮೇಲಕ್ಕೆ ಚಾಚಿದರೆ ಉಸಿರನ್ನು ತಡೆದು ಬಿಡುವ ಸ್ಪರ್ಶಧ್ವನಿ, ಉಸಿರು ಉಜ್ಜಿಕೊಂಡು ಹೊರಬರುವ ಘರ್ಷಧ್ವನಿಯಾಗುತ್ತದೆ. ಅಂದರೆ ಬಾಯಿ ಏನು ಮಾಡಬೇಕೆಂಬ ಮಾಹಿತಿ ಅಕ್ಷರದ ಗೆರೆಗಳಲ್ಲೇ ಅಡಗಿದೆ. ಇಂಥ ರಚನೆಯನ್ನು ಅಲಂಕಾರವೆಂದು ಕರೆಯುವುದು ವ್ಯಾಕರಣವನ್ನು ರಂಗೋಲಿ ಎಂದಂತೆ.

ನಿಯಮಕ್ಕೆ ಒಳಪಟ್ಟು ಕಾಣಿಸಿಕೊಳ್ಳುವ ಬರಹ ಕನ್ನಡಕ್ಕೆ ಹೊರಗಿನದೂ ಅಲ್ಲ. ಕಂಟ ಎಂಬ ಲೋಹದ ಲೇಖನಿಯಿಂದ ಕೊರೆದ ಓಲೆಗರಿಯನ್ನು ಹಾಗೆಯೇ ಕೈಗೆ ಕೊಟ್ಟರೆ ಸಣ್ಣ ಗೀರುಗಳ ಹೊರತು ಏನೂ ಹೊಳೆಯುವುದಿಲ್ಲ. ಮಸಿ ಸವರಿ ಒರೆಸಿದಾಗ ಗೀರುಗಳಲ್ಲಿ ಕಪ್ಪು ಉಳಿದು ಸಾಲಿಗೆ ಸಾಲು ಎದ್ದು ಬರುತ್ತದೆ. ಆದ್ದರಿಂದ ಕನ್ನಡದಲ್ಲಿ ಇಂಥ ಕಥೆಗಳನ್ನು ಬರೆಯುವವರು ಫಳಫಳ ಹೊಳೆಯುವ ಚಿಹ್ನೆಯೊಂದನ್ನು ತಂದು ನಿಲ್ಲಿಸಿ ಮುಂದೆ ಹೋಗದೆ, ಅದನ್ನು ಬರೆದವರು ಯಾರು, ಓದಲು ಏನು ಬೇಕು, ಅದು ಹೇಗೆ ಹಾಳಾಗುತ್ತದೆ ಎಂಬುದನ್ನೂ ಯೋಚಿಸಲಿ ಎಂಬುದು ನನ್ನ ಅಪೇಕ್ಷೆ.

ಪ್ರಕಾಶಕರಿಗೂ ಒಂದು ಕೋರಿಕೆಯಿದೆ. ಈ ಬಗೆಯ ಕೃತಿಗಳನ್ನು ಕನ್ನಡಕ್ಕೆ ತರುವಾಗ ಭೂಪಟ ಮತ್ತು ಲಿಪಿಪಟ್ಟಿಗಳನ್ನು ಪುಟ ಉಳಿಸುವ ನೆಪದಲ್ಲಿ ಕೈಬಿಡಬಾರದು. ರೂನ್ ಎಂಬ ಪ್ರಾಚೀನ ಯುರೋಪಿನ ಲಿಪಿಗೆ ಟೋಲ್ಕಿನ್ ಸೇರಿಸಿದ ಮೂರು ಅಕ್ಷರಗಳಿಗೆ, ಗಣಕಯಂತ್ರಗಳ ಅಕ್ಷರಸಂಕೇತವಾದ ಯೂನಿಕೋಡಿನ 2014ರ 7.0 ಆವೃತ್ತಿಯಲ್ಲೇ ಸ್ಥಾನ ಸಿಕ್ಕಿದೆ. ಟೆಂಗ್ವಾರ್‌ಗೆ ಆ ಭಾಗ್ಯವಿಲ್ಲದಿದ್ದರೂ ಚಿತ್ರವಾಗಿ ಅಚ್ಚುಮಾಡಲು ಅಡ್ಡಿಯಿಲ್ಲ. ತಮ್ಮ ಪುರವಣಿಯೂ ಮುಂದಿನ ಸಲ ಅಂಥ ಲಿಪಿಯ ಚಿತ್ರವನ್ನು ಹಾಕುವಾಗ, ಅದರಲ್ಲಿ ಏನು ಬರೆದಿದೆ ಎಂಬುದನ್ನು ಕೆಳಗೆ ಒಂದು ಸಾಲಿನಲ್ಲಿ ಕೊಡಬೇಕೆಂದು ವಿನಂತಿಸುತ್ತೇನೆ.

ಇಂತು,
ತಮ್ಮ ಓದುಗ, ಧಾರವಾಡ