ಉದ್ಯೋಗದ ಜಾಹೀರಾತಿನಲ್ಲೇ ಸಂಬಳ ತಿಳಿಸಲಿ

ಮಾನ್ಯ ಸಂಪಾದಕರೇ,

ಹಾಸನದ ಬಿ.ಎಂ. ರಸ್ತೆಯ ಅಂಗಡಿಗಳ ಬಾಗಿಲಲ್ಲಿ ಅಂಟಿಸಿರುವ ‘ಕೆಲಸಕ್ಕೆ ಬೇಕಾಗಿದ್ದಾರೆ’ ಎಂಬ ಚೀಟಿಗಳಿರಲಿ, ಪತ್ರಿಕೆಗಳ ವರ್ಗೀಕೃತ ಜಾಹೀರಾತುಗಳಿರಲಿ, ವಿದ್ಯಾರ್ಹತೆ, ವಯಸ್ಸು, ಅನುಭವಗಳನ್ನೆಲ್ಲ ವಿವರವಾಗಿ ಕೇಳುವವರು ಸಂಬಳದ ಜಾಗದಲ್ಲಿ ಮಾತ್ರ ‘ಅರ್ಹತೆಗೆ ತಕ್ಕಂತೆ’ ಎಂದು ಬರೆದು ಸುಮ್ಮನಾಗುತ್ತಾರೆ. ಸಂದರ್ಶನಕ್ಕೆ ಹೋದವರಿಗೆ ಎದುರಾಗುವ ಪ್ರಶ್ನೆ, ‘ಹಿಂದೆ ಎಷ್ಟು ಸಿಗುತ್ತಿತ್ತು?’

ವಾಣಿಜ್ಯ ಉಪನ್ಯಾಸಕಿಯಾಗಿದ್ದ ನನ್ನ ಬಳಿ ಹಳೆಯ ವಿದ್ಯಾರ್ಥಿಗಳು ಈ ಕಷ್ಟವನ್ನು ಹೇಳಿಕೊಳ್ಳುತ್ತಿರುತ್ತಾರೆ. ಮನೆಯ ಹತ್ತಿರವೇ ಇರಲಿ ಎಂದು ಪರಿಚಯದವರ ಅಂಗಡಿಯಲ್ಲಿ 9,000 ರೂಪಾಯಿಗೆ ಲೆಕ್ಕ ಬರೆಯುತ್ತಿದ್ದ ಹುಡುಗಿಯೊಬ್ಬಳು ಬೇರೆ ಸಂಸ್ಥೆಗೆ ಹೋದಾಗ, ಆ ಮೊತ್ತದ ಮೇಲೆ ಒಂದೂವರೆ ಸಾವಿರ ಸೇರಿಸಿ ಕೊಟ್ಟರು. ಟ್ಯಾಲಿ ತಂತ್ರಾಂಶದಲ್ಲಿ ಲೆಕ್ಕ ಬರೆಯುವ ಅದೇ ಕೆಲಸಕ್ಕೆ ಅವಳ ಸಹಪಾಠಿ ಹುಡುಗನಿಗೆ 14,000 ರೂಪಾಯಿ ಸಿಗುತ್ತಿತ್ತು. ಹೊಸ ಕೆಲಸಕ್ಕೆ ಹೊಸ ಬೆಲೆ ಇರಬೇಕಲ್ಲದೆ, ಮೊದಲ ಮಾಲೀಕ ಕಡಿಮೆ ಕೊಟ್ಟದ್ದನ್ನೇ ಆಧಾರ ಮಾಡಿಕೊಂಡು ಎರಡನೆಯವನೂ ಕಡಿಮೆ ಕೊಡುವುದು ಯಾವ ನ್ಯಾಯ? ಚೌಕಾಸಿ ಮಾಡಲು ಅಂಜುವ ಹೆಣ್ಣುಮಕ್ಕಳಿಗೂ ಹಳ್ಳಿಯಿಂದ ಬಂದ ಮೊದಲ ತಲೆಮಾರಿನ ಪದವೀಧರರಿಗೂ ಇದರ ಪೆಟ್ಟು ಹೆಚ್ಚು.

ಒಂದೇ ಬಗೆಯ ಕೆಲಸಕ್ಕೆ ಹೆಣ್ಣು ಗಂಡೆಂದು ವೇತನದಲ್ಲಿ ತಾರತಮ್ಯ ಮಾಡಬಾರದೆಂದು 1976ರ ಸಮಾನ ವೇತನ ಕಾಯ್ದೆ ಹೇಳಿತ್ತು. 2025ರ ನವೆಂಬರ್ 21ರಿಂದ ಜಾರಿಗೆ ಬಂದಿರುವ 2019ರ ವೇತನ ಸಂಹಿತೆಯೂ ಅದನ್ನೇ ಹೇಳುತ್ತದೆ. ಆದರೆ ಆ ಹುದ್ದೆಗೆ ನಿಗದಿಯಾದ ಸಂಬಳವೆಷ್ಟು ಎಂಬುದೇ ಗೊತ್ತಿಲ್ಲದವರು ತಾರತಮ್ಯವಾಗಿದೆಯೆಂದು ದೂರು ಕೊಡುವುದಾದರೂ ಹೇಗೆ? ಐರೋಪ್ಯ ಒಕ್ಕೂಟವು 2023ರಲ್ಲಿ ಹೊರಡಿಸಿದ ನಿರ್ದೇಶನದ ಪ್ರಕಾರ, ಉದ್ಯೋಗದಾತರು ಆರಂಭಿಕ ಸಂಬಳವನ್ನೋ ಅದರ ಕನಿಷ್ಠ–ಗರಿಷ್ಠ ಮಿತಿಯನ್ನೋ ಅಭ್ಯರ್ಥಿಗೆ ಮುಂಚಿತವಾಗಿಯೇ ತಿಳಿಸಬೇಕು, ಹಿಂದಿನ ಸಂಬಳವನ್ನು ಕೇಳಲೇಬಾರದು. ನಮ್ಮಲ್ಲಿಯೂ ಇದು ಅಪರಿಚಿತ ವಿಚಾರವಲ್ಲ. 25 ಅಥವಾ ಹೆಚ್ಚು ನೌಕರರಿರುವ ಖಾಸಗಿ ಸಂಸ್ಥೆಗಳು ಖಾಲಿ ಹುದ್ದೆಗಳನ್ನು ಉದ್ಯೋಗ ವಿನಿಮಯ ಕೇಂದ್ರಕ್ಕೆ ತಿಳಿಸಬೇಕೆಂದು 1959ರ ಕಾಯ್ದೆ ವಿಧಿಸಿದಾಗ, ತುಂಬಬೇಕಿದ್ದ ನಮೂನೆಯಲ್ಲಿ ವೇತನದ ವಿವರವೂ ಇತ್ತು. ಸರ್ಕಾರಕ್ಕೆ ಹೇಳಬಹುದಾದದ್ದನ್ನು ಕೆಲಸ ಕೇಳಿ ಬಂದವರಿಂದ ಮುಚ್ಚಿಡಬೇಕೇಕೆ?

ಸಂಬಳವನ್ನು ಪ್ರಕಟಿಸಿದರೆ ಹಳೆಯ ನೌಕರರು ತಕರಾರು ತೆಗೆಯುತ್ತಾರೆ ಎಂಬುದು ಸಣ್ಣ ಉದ್ಯಮಿಗಳ ಆತಂಕ. ಅವರ ವ್ಯಾಪಾರದ ಕಷ್ಟ ನನಗೆ ಅರ್ಥವಾಗುತ್ತದೆ. ಆದರೆ ಹಳಬರಿಗೆ ಕಡಿಮೆ ಕೊಡುತ್ತಿರುವುದು ಬಯಲಾಗುತ್ತದೆಂಬ ಭಯವೇ ಅದಾಗಿದ್ದರೆ, ಸರಿಪಡಿಸಬೇಕಾದದ್ದು ಹಳಬರ ಸಂಬಳವನ್ನು. ಒಂದೇ ಅಂಕಿಯನ್ನು ಹೇಳಬೇಕೆಂದೂ ಯಾರೂ ಕೇಳುತ್ತಿಲ್ಲ. ಇಷ್ಟರಿಂದ ಇಷ್ಟರವರೆಗೆ ಎಂದರೆ ಸಾಕು, ಅನುಭವಕ್ಕೆ ತಕ್ಕ ಹೆಚ್ಚುವರಿಗೆ ಅದರಲ್ಲೇ ಅವಕಾಶವಿರುತ್ತದೆ.

ಜಿಲ್ಲೆಯಲ್ಲಿ ಉದ್ಯೋಗ ಮೇಳ ನಡೆಸುವ ಇಲಾಖೆ ಮತ್ತು ಕಾಲೇಜುಗಳು, ಸಂಬಳದ ಮಿತಿಯನ್ನು ಬರೆದುಕೊಡುವ ಸಂಸ್ಥೆಗಳಿಗಷ್ಟೇ ಮಳಿಗೆ ನೀಡಬೇಕು ಮತ್ತು ಹಿಂದಿನ ಸಂಬಳದ ಚೀಟಿಯನ್ನು ಕೇಳಬಾರದೆಂಬ ಷರತ್ತನ್ನು ವಿಧಿಸಬೇಕು. ತಮ್ಮ ಪತ್ರಿಕೆಯೂ ಉದ್ಯೋಗದ ಜಾಹೀರಾತುಗಳನ್ನು ಸ್ವೀಕರಿಸುವಾಗ ಸಂಬಳದ ವಿವರವನ್ನು ಕಡ್ಡಾಯ ಮಾಡಬೇಕೆಂದು ವಿನಂತಿಸುತ್ತೇನೆ.

– ನಿವೃತ್ತ ಉಪನ್ಯಾಸಕಿ, ಹಾಸನ